ಮೂರು ಗಂಟೆಗೆ ಎದ್ದು ಬಂದ ದಿನ

ನನ್ನ ಜಾಗಕ್ಕೆ ಈಗ ಬಂದಿರುವ ಹುಡುಗಿ ಬಿ.ಕಾಂ. ಓದಿದ್ದಾಳೆ. ಹೋದ ತಿಂಗಳು ಮಲಪನಗುಡಿಯ ನಮ್ಮ ಮನೆಗೆ ಬಂದು ನನ್ನ ಕೈಗೆ ಒಂದು ನೋಟ್‌ಬುಕ್ಕು ಕೊಟ್ಟು, "ಅಜ್ಜಿ, ನಿಮಗ ಗೊತ್ತಿರೋದು ಯಾವ ಪುಸ್ತಕದಾಗೂ ಇಲ್ಲ. ಬರದು ಕೊಡ್ರಿ" ಎಂದಳು. ನಾನು ಶಾಲೆ ಕಂಡದ್ದು ನಾಲ್ಕನೇ ಕ್ಲಾಸಿನ ತನಕ. ನನ್ನ ಅಕ್ಷರ ಕೋಳಿ ಕೆದರಿದ ಹಾಗೆ ಇರುತ್ತದೆ. ಇರಲಿ, ತಪ್ಪಿದ್ದರೆ ಆ ಹುಡುಗಿಯೇ ತಿದ್ದಿಕೊಳ್ಳಲಿ. ವಕೀಲರ ಆಫೀಸಿಗೆ ಗುಮಾಸ್ತರಾಗಿ ಸೇರುವ ಹೊಸ ಮಕ್ಕಳಿಗೆ ಇದು ಬೇಕಾದೀತು.

ನಾನು ಹೊಸಪೇಟೆಯ ಆ ಆಫೀಸಿಗೆ ಸೇರಿದ್ದು ಕಸ ಗುಡಿಸಲು. ಸಾಹೇಬ್ರು, ಅಂದರೆ ನಮ್ಮ ವಕೀಲರು, ಸಿವಿಲ್ ಕೇಸು ಮಾತ್ರ ನಡೆಸುತ್ತಿದ್ದರು. ಹೊಲ, ಮನೆ, ಪಾಲು, ದಾರಿ, ಬಾವಿ ಇಷ್ಟೇ ಅಲ್ಲಿನ ಲೋಕ. ಗುಡಿಸುವಾಗ ಕೆಳಗೆ ಬಿದ್ದ ಕಾಗದ ಯಾವ ಕಟ್ಟಿನದೆಂದು ಹೇಳುತ್ತಿದ್ದೆ. ಹಾಗೇ ಕಟ್ಟುಗಳು ನನ್ನ ಕೈಗೆ ಬಂದವು. ಇಂಗ್ಲಿಷು ಬರುತ್ತಿರಲಿಲ್ಲ. ಕಾಗದದ ಮೊಹರು, ಮಡಿಕೆ, ಅಂಚಿನ ಕಲೆ ನೋಡಿ ಗುರುತು ಇಟ್ಟುಕೊಳ್ಳುತ್ತಿದ್ದೆ. ಸಾಹೇಬ್ರು ಕೋಪಿಷ್ಠರು. ಕಾಗದ ಸಿಗದಿದ್ದರೆ ಪೇಪರ್‌ವೇಟು ನೆಲಕ್ಕೆ ಒಗೆಯುತ್ತಿದ್ದರು. ಸಿಕ್ಕ ಮೇಲೆ ತಾವೇ ಬಗ್ಗಿ ಎತ್ತಿಕೊಳ್ಳುತ್ತಿದ್ದರು. ಬೈದದ್ದಕ್ಕೆ ಕ್ಷಮೆ ಕೇಳುವ ಮನುಷ್ಯ ಅಲ್ಲ. ಆ ದಿನ ಚಹಾ ತರಿಸಿದರೆ ನನಗೂ ಒಂದು ಲೋಟ ಬರುತ್ತಿತ್ತು, ಅದೇ ಕ್ಷಮೆ.

ನಮ್ಮ ಆಫೀಸಿಗೆ ಹೆಚ್ಚಾಗಿ ಬರುತ್ತಿದ್ದದ್ದು ಮರುಕ್ರಯದ ಕೇಸು. ಹೊಸಬರಿಗೆ ಇದು ಗೊತ್ತಿರಬೇಕು. ಒಬ್ಬರು ಕಷ್ಟಕ್ಕೆ ಹೊಲ ಮಾರುತ್ತಾರೆ. ಕೊಂಡವರು, 'ಇಂಥ ತಾರೀಖಿನೊಳಗೆ ಇಷ್ಟು ದುಡ್ಡು ಕೊಟ್ಟರೆ ಈ ಹೊಲ ತಿರುಗಿ ನಿಮ್ಮ ಹೆಸರಿಗೇ ಬರೆದುಕೊಡುತ್ತೇನೆ' ಎಂದು ಒಂದು ಕರಾರು ಮಾಡಿಕೊಡುತ್ತಾರೆ. ಬರೆಯುವ ದಿನ ಎಲ್ಲರೂ ಅಣ್ಣತಮ್ಮಂದಿರೇ. ತಾರೀಖು ಹತ್ತಿರ ಬಂದಾಗ ಕೊಂಡವರಿಗೆ ಕಿವಿ ಕೇಳಿಸುವುದಿಲ್ಲ. ಆಗ ಮಾರಿದವರು ಕೋರ್ಟಿಗೆ ಬರುತ್ತಾರೆ. ಕೋರ್ಟು ಕೇಳುವುದು ಒಂದೇ: ನೀವು ಆ ತಾರೀಖಿನೊಳಗೆ ತಯಾರಿದ್ದಿರಾ? ದುಡ್ಡು ಇತ್ತೇ, ಬರೆಸಿಕೊಳ್ಳುವ ಮನಸ್ಸು ಇತ್ತೇ? ದುಡ್ಡನ್ನು ಪಾಸ್‌ಬುಕ್ಕು ತೋರಿಸುತ್ತದೆ. ಮನಸ್ಸನ್ನು ಯಾರು ತೋರಿಸಬೇಕು? ಅದಕ್ಕೆ ನಮ್ಮ ಆಫೀಸಿನಲ್ಲಿ ಒಂದು ಪದ್ಧತಿ ಇತ್ತು. ಕಡೆಯ ತಾರೀಖಿನ ದಿನ ಛಾಪಾ ಕಾಗದ ಕೊಂಡು, ದುಡ್ಡು ಹಿಡಿದು, ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಬಾಗಿಲು ತೆರೆದಾಗಿನಿಂದ ಬೀಗ ಹಾಕುವ ತನಕ ಕುಳಿತುಬಿಡುವುದು. ಕೊಂಡವನು ಬಂದರೆ ಬರೆಸಿಕೊಳ್ಳುವುದು. ಬರದಿದ್ದರೆ, 'ನಾವು ಬಂದಿದ್ದೆವು, ಅವನು ಬರಲಿಲ್ಲ' ಎನ್ನಲು ಇಬ್ಬರು ಸಾಕ್ಷಿ ಮಾಡಿಕೊಳ್ಳುವುದು. ಇದಕ್ಕೆ ನಾವು 'ಕೂಡುವುದು' ಎನ್ನುತ್ತಿದ್ದೆವು. "ಗಂಗಮ್ಮಾ, ಈ ವಾರ ಯಾರ್ದು ಕೂಡೋದೈತಿ?" ಎಂದು ಸಾಹೇಬ್ರು ಸೋಮವಾರಕ್ಕೊಮ್ಮೆ ಕೇಳುತ್ತಿದ್ದರು.

ಮೊದಮೊದಲು ಕಕ್ಷಿದಾರರು ತಾವೇ ಹೋಗಿ ಕೂಡುತ್ತಿದ್ದರು. ಒಮ್ಮೆ ಕಂಪ್ಲಿಯ ಒಬ್ಬ ಕಬ್ಬಿನ ರೈತ ಇಡೀ ದಿನ ಕೂತು ಸಂಜೆ ನಮ್ಮ ಆಫೀಸಿಗೆ ಬಂದ. ಬಹಳ ಖುಷಿಯಲ್ಲಿದ್ದ.

"ಮುಂಜಾನಿಂದ ಕುಂತೀನ್ರಿ ಸಾಹೇಬ್ರ. ಜವಾನ ಎಬ್ಬಿಸಿದ್ರೂ ಏಳ್ಲಿಲ್ಲ."

"ಜವಾನ ಯಾಕ ಎಬ್ಬಿಸಿದ?"

"ತಹಸೀಲ್ದಾರ್ ಸಾಹೇಬ್ರು ಬರ್ತಾರ, ದಾರಿ ಬಿಡು ಅಂದ."

ಅವನು ಕೂತದ್ದು ತಹಸೀಲ್ದಾರ್ ಕಚೇರಿಯ ಕಟ್ಟೆಯ ಮೇಲೆ! ಪುಣ್ಯಕ್ಕೆ ಅವನ ಕರಾರಿಗೆ ಇನ್ನೂ ಎರಡು ದಿನ ಉಳಿದಿತ್ತು. ಸಾಹೇಬ್ರು ನಗಲಿಲ್ಲ. ಪೇಪರ್‌ವೇಟು ನೆಲಕ್ಕೆ ಹೋಯಿತು. "ಇನ್ ಮ್ಯಾಲೆ ಯಾರ ಕೂಡ್ಲಿ, ಗಂಗಮ್ಮ ಜೋಡಿ ಹೋಗ್ತಾಳ" ಎಂದರು. ಅಂದಿನಿಂದ ಅದು ನನ್ನ ಕೆಲಸವಾಯಿತು. ಎಷ್ಟು ಜನರ ಪಕ್ಕದಲ್ಲಿ ಕೂತೆನೋ ಲೆಕ್ಕ ಇಟ್ಟಿಲ್ಲ. ಬೆಂಚಿನ ಮೇಲೆ ಕೂತವರು ಮಧ್ಯಾಹ್ನದ ತನಕ ಹೊಲದ ಮಾತಾಡುತ್ತಾರೆ, ಆಮೇಲೆ ಮನೆಯ ಮಾತಾಡುತ್ತಾರೆ, ನಾಲ್ಕರ ಮೇಲೆ ಮಾತೇ ಆಡುವುದಿಲ್ಲ. ಆ ಹೊತ್ತಿಗೆ ಅವರನ್ನು ಕೂಡಿಸಿಕೊಂಡಿರುವುದೇ ಗುಮಾಸ್ತರ ಕೆಲಸ. ಅದನ್ನು ನಾನು ಒಮ್ಮೆ ಮಾಡಲಿಲ್ಲ. ಅದನ್ನೇ ಈಗ ಬರೆಯಬೇಕು.

ಮೆಟ್ರಿಯ ಹಂಪಮ್ಮ ನಮ್ಮಲ್ಲಿಗೆ ಬಂದದ್ದು ಅದಿರಿನ ಲಾರಿಗಳ ಸದ್ದು ಅಡಗಿದ ಮೇಲೆ. ಆಕೆಗೆ ತವರಿನಿಂದ ಬಂದ ಎರಡು ಎಕರೆ ಗದ್ದೆ ಇತ್ತು. ಕಾಲುವೆ ನೀರಿನ ಭೂಮಿ, ತಾಯಿ ಬರೆದುಕೊಟ್ಟದ್ದು. ಸಂಡೂರಿನ ಅದಿರಿಗೆ ಲಾರಿ ಓಡಿಸಿದವರೆಲ್ಲ ಮನೆ ಮೇಲೆ ಮನೆ ಕಟ್ಟುತ್ತಿದ್ದ ಕಾಲ. ಗಂಡ ಬಸಣ್ಣ ತಾನೂ ಲಾರಿ ಕೊಳ್ಳುತ್ತೇನೆ ಎಂದು ಹಟ ಹಿಡಿದ. ಹಂಪಮ್ಮ ಗದ್ದೆಯನ್ನು ಬಸಣ್ಣನ ದೊಡ್ಡಪ್ಪನ ಮಗ ವೀರಭದ್ರಪ್ಪನಿಗೆ ಮಾರಿದಳು. ಆಕೆಗೆ ಅವರು ಭಾವ. ಐದು ವರ್ಷದೊಳಗೆ ತಿರುಗಿ ಬರೆದುಕೊಡುವ ಕರಾರೂ ಆಯಿತು. ಗಣಿ ನಿಂತಿತು, ಲಾರಿ ಮನೆ ಮುಂದೆ ನಿಂತಿತು. ಹಂಪಮ್ಮನೇ ಅದನ್ನು ಮಾರಿಸಿ, ಎಮ್ಮೆ ಕಟ್ಟಿ, ಹಾಲು ಮಾರಿ, ಕರಾರಿನ ಮೊತ್ತವನ್ನು ಬ್ಯಾಂಕಿನಲ್ಲಿ ಕೂಡಿಟ್ಟಿದ್ದಳು. ಬಸಣ್ಣ ಬೇರೆಯವರ ಲಾರಿಗೆ ಡ್ರೈವರಾಗಿ ಹೋಗಿದ್ದ. ಹೆಂಡತಿಯ ಮುಖ ನೋಡಿ ಮಾತಾಡುತ್ತಿರಲಿಲ್ಲವಂತೆ.

"ಹಾಲಿನ ಸೊಸೈಟಿಯಾಗ ನನ್ನ ಡಿಗ್ರಿ ಎಂದೂ ಕಡಿಮಿ ಬಿದ್ದಿಲ್ರಿ, ಹನಿ ನೀರು ಬೆರಸಿಲ್ಲ" ಎಂದು ಆಕೆ ಸಾಹೇಬ್ರ ಮುಂದೆ ಪಾಸ್‌ಬುಕ್ಕು ಇಟ್ಟಳು.

ಸಾಹೇಬ್ರು, "ತಾರೀಖಿಗೆ ಒಂದು ತಿಂಗಳು ಮೊದ್ಲ ನೋಟಿಸು ಕಳಸೋಣ" ಎಂದರು.

"ನೋಟಿಸು ಬ್ಯಾಡ್ರಿ. ನೋಟಿಸು ಅಂದ್ರ ಭಾವನ ಮಾರಿಗೆ ಹೊಡದಂಗ. ನಾಳೆ ಮೊಮ್ಮಕ್ಕಳ ಜವಳಕ್ಕ ಅವರ ಮನಿ ಹೊಸ್ತಿಲು ತುಳೀಬೇಕು ನಾನು."

"ಮತ್ತ ಅವರಿಗೆ ಹೆಂಗ ತಿಳಿಸ್ತಿ?"

"ಕರದು ಬರ್ತೀನಿ."

ಕರೆದಳು. ಲಗ್ನಕ್ಕೆ ಕರೆಯುವ ಹಾಗೆ ಕರೆದಳು. ತಟ್ಟೆಯಲ್ಲಿ ಎಲೆ, ಅಡಿಕೆ, ಕುಂಕುಮ ಇಟ್ಟುಕೊಂಡು ಭಾವನ ಮನೆಗೆ ಹೋಗಿ, 'ಸೋಮವಾರ ಮುಂಜಾನೆ ಹೊಸಪೇಟೆ ಆಫೀಸಿಗೆ ಬಂದು ಬರೆದುಕೊಡಿ' ಎಂದು ಹೇಳಿ ಬಂದಳು. ಅವರು ಎಲೆ ಅಡಿಕೆ ತೆಗೆದುಕೊಂಡು, "ಬರ್ತೀನಿ ತಂಗಿ" ಎಂದರಂತೆ. ನಮ್ಮ ಕಡೆ ಎಲೆ ಅಡಿಕೆ ತೆಗೆದುಕೊಂಡ ಮೇಲೆ ಬರದೆ ಇರುವ ಮಾತೇ ಇಲ್ಲ. ಆಕೆಗೆ ಅದೇ ನೋಟಿಸು. ಸಾಹೇಬ್ರು ಹಣೆ ಚಚ್ಚಿಕೊಂಡರು. "ಎಲಿ ಅಡಕಿಗೆ ಸ್ವೀಕೃತಿ ಸಹಿ ತಂದಿಯೇನವ್ವ?" ಎಂದರು. ಹೊಸಬರೇ, ಇಂಥಲ್ಲಿ ಕಕ್ಷಿದಾರರ ಮಾತು ಕೇಳಬೇಡಿ. ಅವರು ಅತ್ತರೂ ನೋಟಿಸು ಕಳಿಸಿ.

ಸೋಮವಾರ ಬಂತು. ಕರಾರಿನ ಕಡೆಯ ದಿನ ಅದೇ. ಹಂಪಮ್ಮನೂ ನಾನೂ ಬಾಗಿಲು ತೆರೆಯುವ ಮೊದಲೇ ಅಲ್ಲಿದ್ದೆವು. ಛಾಪಾ ಕಾಗದ ಕೊಂಡೆವು. ಶುಕ್ರವಾರವೇ ಬ್ಯಾಂಕಿನಿಂದ ತೆಗೆದಿದ್ದ ದುಡ್ಡನ್ನು ಆಕೆ ಬಟ್ಟೆಯ ಚೀಲದಲ್ಲಿ ಹಾಕಿ ಸೀರೆಯ ಒಳಗೆ ಸೊಂಟಕ್ಕೆ ಕಟ್ಟಿಕೊಂಡಿದ್ದಳು. ಬಿಸಿಲಿಗೆ ತಗಡಿನ ಮಾಡು ಕಾದು ಹಂಚಿನಂತಾಗಿತ್ತು. ಸೋಮವಾರ ಆಕೆಯದು ಒಪ್ಪತ್ತು, ಸಂಜೆ ದೀಪ ಹಚ್ಚಿದ ಮೇಲೆಯೇ ಊಟ. ಒಂದು ಗಂಟೆಗೆ ನೀರು ಕೊಟ್ಟೆ, ಎರಡು ಗುಟುಕು ಕುಡಿದಳು. ಎರಡೂವರೆಗೆ ಗೋಡೆಗೆ ತಲೆ ಕೊಟ್ಟಳು. ಮೂರಕ್ಕೆ ಕಣ್ಣು ಮೇಲಾಯಿತು. ಕೈ ಹಿಡಿದೆ, ತಣ್ಣಗಿತ್ತು.

"ಏಳು, ಏನಾರ ತಿನ್ನು" ಎಂದೆ.

"ಭಾವ ಬರ್ತಾರಕ್ಕ."

"ಬರೋರು ಮುಂಜಾನೆ ಬರ್ತಿದ್ರು. ಅವರು ಬರಂಗಿಲ್ಲ, ನೀ ಇಲ್ಲೇ ಸತ್ತೀ. ಏಳವ್ವ."

ನಾನೇ ಎಬ್ಬಿಸಿದೆ. ಖಾನಾವಳಿಗೆ ಕರೆದುಕೊಂಡು ಹೋಗಿ, ಬೈದು ರೊಟ್ಟಿ ತಿನ್ನಿಸಿದೆ. ಸೊಂಟದಲ್ಲಿ ಅಷ್ಟು ದುಡ್ಡು, ಕತ್ತಲಾದ ಮೇಲೆ ಬಸ್ಸಿನಲ್ಲಿ ಕಳಿಸುವುದು ಹೇಗೆ? ನಾಲ್ಕು ಗಂಟೆಯ ಬಸ್ಸಿಗೆ ಹತ್ತಿಸಿ ನಾನೂ ಮನೆಗೆ ಹೋದೆ. ಆ ದಿನ ಮಾಡಿದ್ದು ತಪ್ಪು ಎಂದು ನನಗೆ ಅನ್ನಿಸಲೇ ಇಲ್ಲ. ತಪ್ಪು ಮಾಡಿದ್ದು ಮರುದಿನ. ಸಾಹೇಬ್ರು, "ಸಂಜೀತನಕ ಕುಂತಿದ್ರಿ ಹೌದಲ್ಲೊ?" ಎಂದು ಕೇಳಿದರು. "ಹೂಂ ರೀ" ಎಂದುಬಿಟ್ಟೆ. ಪೇಪರ್‌ವೇಟು ಮೇಜಿನ ಮೇಲಿತ್ತು, ಅದಕ್ಕೆ ಹೆದರಿದೆ ಎಂದರೆ ನೀವು ನಗುತ್ತೀರಿ. ಇಪ್ಪತ್ತು ವರ್ಷ ಅಲ್ಲಿ ಕೆಲಸ ಮಾಡಿದ ಮೇಲೂ ಹೆದರಿದೆ.

ಸಾಹೇಬ್ರು ದಾವೆಯಲ್ಲಿ 'ವಾದಿಯು ಕಚೇರಿ ಮುಚ್ಚುವವರೆಗೆ ಕಾದಿದ್ದರು' ಎಂದು ಬರೆದು ಹಾಕಿದರು. ಎರಡು ತಿಂಗಳ ಮೇಲೆ ಎದುರು ಪಕ್ಷದ ಉತ್ತರ ಬಂತು. ಸಾಹೇಬ್ರು ಓದುತ್ತ ಓದುತ್ತ ಕನ್ನಡಕ ತೆಗೆದು ಇಟ್ಟರು. ವೀರಭದ್ರಪ್ಪ ಅದೇ ಸೋಮವಾರ ನಾಲ್ಕೂಕಾಲಿಗೆ ರಿಜಿಸ್ಟ್ರಾರ್ ಆಫೀಸಿಗೆ ಬಂದಿದ್ದರು. 'ನಾನು ಬರೆದುಕೊಡಲು ಬಂದಿದ್ದೇನೆ, ಕೊಳ್ಳುವವಳು ಇಲ್ಲ' ಎಂದು ಅರ್ಜಿ ಕೊಟ್ಟು, ಅದರ ನಕಲಿನ ಮೇಲೆ ತಾರೀಖು, ವೇಳೆ, ಮೊಹರು ಹಾಕಿಸಿಕೊಂಡು ಹೋಗಿದ್ದರು. ಅವರ ಅಳಿಯ ಬುದ್ಧಿವಂತ, ಅವನ ಕೆಲಸ.

"ಗಂಗಮ್ಮಾ, ಇದು ಖೊಟ್ಟಿ ಕಾಗದ ಹೌದಲ್ಲೊ?" ಎಂದರು ಸಾಹೇಬ್ರು. ನನ್ನನ್ನು ಅಷ್ಟು ನಂಬಿದ್ದರು. ಸರಕಾರಿ ಮೊಹರನ್ನು ಸುಳ್ಳು ಎನ್ನಲು ತಯಾರಿದ್ದರು, ನನ್ನನ್ನಲ್ಲ.

"ಖರೇ ಐತ್ರಿ. ನಾವು ಮೂರಕ್ಕ ಎದ್ದು ಬಂದ್ವಿ. ನಾನ ಎಬ್ಬಿಸಿದೆ. ನಿಮ್ಮ ಮುಂದ ಸುಳ್ಳು ಹೇಳೀನಿ."

ಪೇಪರ್‌ವೇಟು ಒಗೆಯಲಿಲ್ಲ. ಒಗೆದಿದ್ದರೆ ಚೆನ್ನಾಗಿತ್ತು. ಆ ಉತ್ತರವನ್ನು ಮಡಚಿ ಕಟ್ಟಿಗೆ ಸೇರಿಸಿದರು. ಆಮೇಲೆ, "ಆ ಹೆಣ್ಣುಮಗಳ ಗದ್ದಿ ಹೋತು" ಎಂದರು. ಅಷ್ಟೇ. ಆ ದಿನ ಚಹಾ ಬರಲಿಲ್ಲ.

ಹಂಪಮ್ಮನನ್ನು ಕರೆಸಿದರು. ವಿಷಯ ತಿಳಿದ ಆಕೆ ಅಳಲಿಲ್ಲ, ನನ್ನನ್ನು ಬೈಯಲೂ ಇಲ್ಲ. ಬೈದಿದ್ದರೆ ನಾನೂ ನಾಲ್ಕು ಮಾತು ಆಡಿ ಹಗುರಾಗುತ್ತಿದ್ದೆ. ಹೊರಗೆ ಮೆಟ್ಟಿಲ ಮೇಲೆ ನನ್ನ ಪಕ್ಕ ಕೂತಳು.

"ಅಕ್ಕಾ, ಕೋರ್ಟಿನಾಗ ನಿನ್ನ ಹೆಸರು ತರಂಗಿಲ್ಲ. ನನಗ ಹಸಿವಾತು, ನಾನ ಎದ್ದೆ ಅಂತೀನಿ."

"ಹಂಗಂದ್ರ ನಿನಗ ಗದ್ದೀಕಿಂತ ರೊಟ್ಟಿ ಹೆಚ್ಚಾತು ಅಂತ ಬರಕೊಂತಾರ, ಹುಚ್ಚಿ."

"ನಿನ್ನ ನೌಕರಿ ಹೋದ್ರ?"

"ಹೋಗ್ಲಿ. ಮನ್ಯಾಗ ನಾನೂ ಎಮ್ಮಿ ಕಟ್ತೀನಿ."

"ನಿನ್ನ ಬಾಯಿಗೆ ಎಮ್ಮಿ ಹಾಲು ಕೊಡಂಗಿಲ್ಲಕ್ಕ" ಎಂದು ಆಕೆ ನಕ್ಕಳು. ಗದ್ದೆ ಹೋಗುವ ಹೆಂಗಸು, ನನ್ನನ್ನು ನಗಿಸಲು ನಕ್ಕಳು. ಆಗ ನಾನು ತೀರ್ಮಾನ ಮಾಡಿದೆ.

ಒಳಗೆ ಹೋಗಿ ಸಾಹೇಬ್ರಿಗೆ, "ನಾನು ಸಾಕ್ಷಿ ಹೇಳ್ತೀನ್ರಿ" ಎಂದೆ. ಅವರು ಒಪ್ಪಲಿಲ್ಲ. ವಕೀಲರ ಗುಮಾಸ್ತಳೇ ಕಟಕಟೆ ಹತ್ತಿ, 'ದಾವೆಯಲ್ಲಿ ಬರೆದದ್ದು ಸುಳ್ಳು, ಬರೆಸಿದವಳು ನಾನು' ಎಂದರೆ ಆಫೀಸಿನ ಹೆಸರು ಏನಾಗುತ್ತದೆ? ಮೂರನೆಯ ದಿನ ಅವರೇ ದಾವೆಯ ಆ ಮಾತನ್ನು ತಿದ್ದಲು ಕೋರ್ಟಿಗೆ ಅರ್ಜಿ ಬರೆಯತೊಡಗಿದರು. ಬರೆಯುತ್ತ, ತಲೆ ಎತ್ತದೆ, "ಇಸ್ತ್ರಿ ಮಾಡಿದ ಸೀರಿ ಉಟ್ಕೊಂಡು ಬಾ ಅವತ್ತು" ಎಂದರು.

ನನ್ನ ಸರದಿ ಬರಲು ಒಂದೂವರೆ ವರ್ಷ ಹಿಡಿಯಿತು. ಅಷ್ಟು ದಿನ ಅದೇ ಕಟ್ಟನ್ನು ವಾಯಿದೆ ವಾಯಿದೆಗೆ ನಾನೇ ಹೊತ್ತು ಒಯ್ದೆ, ನಾನೇ ಹೊತ್ತು ತಂದೆ. ಕಟಕಟೆ ನನಗೆ ಹೊಸದಲ್ಲ, ಎಷ್ಟೋ ಜನರನ್ನು ಅಲ್ಲಿಗೆ ತಳ್ಳಿದ್ದೆ. ನಾನು ಹತ್ತಿದ್ದು ಮಾತ್ರ ಅದೇ ಮೊದಲು. ಎದುರು ವಕೀಲರು ಬಹಳ ಮರ್ಯಾದೆಯಿಂದ ಕೇಳಿದರು. ಮರ್ಯಾದೆ ಹೆಚ್ಚಾದಷ್ಟೂ ಹುಷಾರಾಗಿರಬೇಕು.

"ನೀವು ವಾದಿ ವಕೀಲರ ಆಫೀಸಿನಾಗ ಸಂಬಳಕ್ಕ ಅದೀರಿ?"

"ಹೌದ್ರಿ."

"ನಿಮ್ಮ ವಕೀಲರ ಮುಂದ ಸುಳ್ಳು ಹೇಳಿದವರು ನೀವ?"

"ಹೌದ್ರಿ. ನಾನ."

"ಸ್ವಂತ ಯಜಮಾನ್ರ ಮುಂದ ಸುಳ್ಳು ಹೇಳಿದವರು ಈಗ ನಿಜ ಹೇಳ್ತೀರಿ ಅಂತ ಕೋರ್ಟು ಹೆಂಗ ನಂಬಬೇಕಮ್ಮ?"

"ಸುಳ್ಳು ಹೇಳೋಕ ಬಂದಿದ್ರ ಬೀಗ ಹಾಕೋತನಕ ಇದ್ವಿ ಅಂತಿದ್ನಲ್ರಿ. ಮೂರಕ್ಕ ಎದ್ವಿ ಅಂದ್ರ ನಮಗ ಲುಕ್ಸಾನು. ಲುಕ್ಸಾನಿಗೆ ಯಾರು ಸುಳ್ಳು ಹೇಳ್ತಾರ್ರಿ?"

ಹಿಂದೆ ಯಾರೋ ನಕ್ಕರು. ನ್ಯಾಯಾಧೀಶರು ನಗಲಿಲ್ಲ. ಅವರೇ ನನ್ನನ್ನು ಕೇಳಿದರು, "ಯಾಕೆ ಎಬ್ಬಿಸಿದಿರಿ?"

"ಹಸದಿದ್ಲು ಸ್ವಾಮಿ. ಕಣ್ಣು ಮ್ಯಾಲ ಮಾಡಿದ್ಲು. ಮನಸ್ಸು ಇರ್ಲಾರದ್ದಕ್ಕ ಎದ್ದು ಬರ್ಲಿಲ್ಲ, ನಾ ಎಳಕೊಂಡು ಬಂದೆ."

ಬೆರಳಚ್ಚಿನವರು ಅದನ್ನು ಟೈಪು ಮಾಡಿದರು. ಕೆಳಗೆ ನಾನು ಸಹಿ ಹಾಕಿದೆ.

ಆದರೆ ನನ್ನ ಮಾತಿನಿಂದಲೇ ಕೇಸು ಗೆಲ್ಲುತ್ತಿತ್ತು ಎಂದು ನಾನು ಹೇಳುವುದಿಲ್ಲ. ಮುಂದಿನ ವಾಯಿದೆಗೆ ವೀರಭದ್ರಪ್ಪ ಕಟಕಟೆ ಹತ್ತಿದರು. ಎಪ್ಪತ್ತು ದಾಟಿದ ಮನುಷ್ಯ. ಹಣೆ ತುಂಬ ವಿಭೂತಿ, ಕೊರಳಲ್ಲಿ ಲಿಂಗ. ಅಳಿಯ ಎದುರಿಗೇ ಕೂತಿದ್ದ. ಮೊದಲು ಎಲ್ಲವನ್ನೂ ಕಲಿಸಿದ ಹಾಗೆಯೇ ಹೇಳಿದರು: ನೋಟಿಸು ಬಂದಿಲ್ಲ, ನಾನು ಹೋಗಿದ್ದೆ, ಆಕೆ ಇರಲಿಲ್ಲ. ಆಮೇಲೆ ನಮ್ಮ ಸಾಹೇಬ್ರು ಎದ್ದರು. ದೊಡ್ಡ ಪ್ರಶ್ನೆ ಏನೂ ಕೇಳಲಿಲ್ಲ.

"ಗೌಡ್ರ, ಹಂಪಮ್ಮ ನಿಮ್ಮ ಮನಿಗೆ ಎಲಿ ಅಡಕಿ ತಂದು ಕರದಿದ್ಲಾ?"

ಅಳಿಯ ಕೆಮ್ಮಿದ. ವೀರಭದ್ರಪ್ಪ ಹಂಪಮ್ಮನ ಕಡೆ ನೋಡಿದರು. ಆಕೆ ತಲೆ ತಗ್ಗಿಸಿದ್ದಳು. ಭಾವನ ಎದುರು ತಲೆ ಮೇಲಿನ ಸೆರಗು ಕೋರ್ಟಿನಲ್ಲೂ ಜಾರಗೊಡಲಿಲ್ಲ.

"ಕರದಿದ್ಲು" ಎಂದರು.

"ನೀವು ತಗೊಂಡ್ರಾ?"

"ತಗೊಂಡೆ. ತಗೊಂಡಿಲ್ಲ ಅಂತ ಹೆಂಗನ್ನಲಿ?"

"ಎಷ್ಟೊತ್ತಿಗೆ ಬರ್ರಿ ಅಂದಿದ್ಲು?"

"ಮುಂಜಾನೆ."

"ಮತ್ತ ನಾಲ್ಕೂಕಾಲಿಗೆ ಯಾಕ ಹೋದ್ರಿ?"

ಎದುರು ವಕೀಲರು ಎದ್ದು ಏನೋ ಆಕ್ಷೇಪ ಎಂದರು. ನ್ಯಾಯಾಧೀಶರು ಕೈ ತೋರಿಸಿ ಕೂಡಿಸಿದರು.

"ಮುಂಜಾನಿಂದ ಎದುರಿನ ಚಾದಂಗಡ್ಯಾಗ ಇದ್ವಿ ಸ್ವಾಮಿ" ಎಂದರು ವೀರಭದ್ರಪ್ಪ. "ಅಕಿ ಎದ್ದು ಹೋಗಿ ಬಸ್ಸು ಹತ್ಲಿ, ಆಮ್ಯಾಲ ಹೋಗಾಣ ಅಂದ ಅಳಿಯ. ಅಕಿ ಕುಂತಿದ್ದು ನೋಡೀನಿ. ಎರಡು ಗುಟುಕು ನೀರು ಬಿಟ್ರ ಏನೂ ಮುಟ್ಲಿಲ್ಲ ಅಕಿ. ನಾನು ನಾಲ್ಕು ಸಲ ಚಾ ಕುಡದೆ."

ಅಳಿಯ ಎದ್ದು ಹೊರಗೆ ಹೋದ. ಹಂಪಮ್ಮ ನನ್ನ ಮುಂಗೈಯನ್ನು ಎಷ್ಟು ಬಿಗಿಯಾಗಿ ಹಿಡಿದಿದ್ದಳೆಂದರೆ ಬಳೆ ಒಡೆದು ಚುಚ್ಚಿತು. ವೀರಭದ್ರಪ್ಪನ ಮೇಲೆ ನನಗಿದ್ದ ಸಿಟ್ಟು ಆ ದಿನ ಅರ್ಧ ಇಳಿಯಿತು. ಪೂರ್ತಿ ಇಳಿಯಿತು ಎಂದು ಬರೆದರೆ ಸುಳ್ಳಾಗುತ್ತದೆ.

ಹಂಪಮ್ಮನ ಹತ್ತಿರ ದುಡ್ಡೂ ಇತ್ತು, ಮನಸ್ಸೂ ಇತ್ತು, ತಾರೀಖಿನ ದಿನ ಆಕೆ ಬಂದಿದ್ದಳು ಎಂದು ತೀರ್ಪಾಯಿತು. ಮೊತ್ತವನ್ನು ಕೋರ್ಟಿನಲ್ಲಿ ಕಟ್ಟಲು ಹೇಳಿದರು, ಮರುದಿನವೇ ಕಟ್ಟಿದಳು. ಅಪೀಲು ಹಾಕೋಣ ಎಂದು ಅಳಿಯ ಹೇಳಿದನಂತೆ. ವೀರಭದ್ರಪ್ಪ, "ಸಾಕು" ಎಂದರಂತೆ. ತೀರ್ಪಿನಲ್ಲಿ ನನ್ನ ಬಗ್ಗೆಯೂ ಒಂದು ಸಾಲು ಇತ್ತು: ಗುಮಾಸ್ತಳ ನಡತೆ ಖಂಡನೀಯ, ಆದರೆ ಸಾಕ್ಷ್ಯ ನಂಬಲರ್ಹ. ಸಾಹೇಬ್ರು ಅದನ್ನು ಗಟ್ಟಿಯಾಗಿ ಎರಡು ಸಲ ಓದಿದರು. ಮೊದಲ ಅರ್ಧವನ್ನು ಮೂರು ಸಲ. ನನ್ನನ್ನು ಕೆಲಸದಿಂದ ತೆಗೆಯಲಿಲ್ಲ.

ಈಗಿನ ಮಕ್ಕಳಿಗೆ ಎಷ್ಟೋ ಅನುಕೂಲ. ಕೂತ ಕಡೆಯಿಂದಲೇ ಫೋನಿನಲ್ಲಿ ಫೋಟೋ ತೆಗೆಯಬಹುದು, ಅದರಲ್ಲಿ ವೇಳೆ ಬರುತ್ತದೆ. ವಾಟ್ಸಾಪಿನಲ್ಲಿ 'ನಾವು ಬಂದಿದ್ದೇವೆ' ಎಂದು ಹಾಕಿದರೆ ನೀಲಿ ಗೀಟು ಬೀಳುತ್ತದೆ. ಹಣ ಬ್ಯಾಂಕಿನಲ್ಲೇ ಇರಲಿ, ಸೊಂಟಕ್ಕೆ ಕಟ್ಟಬೇಡಿ. ಇದೆಲ್ಲ ಮಾಡಿ. ಹೋಗುವಾಗ ಬುತ್ತಿ ಕಟ್ಟಿಕೊಂಡು ಹೋಗಿ. ಹಸಿದವರನ್ನು ಎಬ್ಬಿಸಬೇಡಿ, ಕೂತಲ್ಲೇ ತಿನ್ನಿಸಿ. ಒಪ್ಪತ್ತು ಇದ್ದರೆ ಬೆಲ್ಲದ ನೀರು ಕುಡಿಸಿ, ಪಾಪ ಬಂದರೆ ನಿಮಗೆ ಬರಲಿ. ಯಜಮಾನರ ಮುಂದೆ ಮಾತ್ರ ಸುಳ್ಳು ಹೇಳಬೇಡಿ. ಒಗೆದ ಪೇಪರ್‌ವೇಟು ನೆಲಕ್ಕೆ ಬೀಳುತ್ತದೆ, ಹೇಳಿದ ಸುಳ್ಳು ಕಕ್ಷಿದಾರರ ಮೇಲೆ ಬೀಳುತ್ತದೆ.

ಬರೆದುಕೊಡುವ ದಿನ ವೀರಭದ್ರಪ್ಪ ರಿಜಿಸ್ಟ್ರಾರ್ ಆಫೀಸಿಗೆ ಮುಂಜಾನೆಯೇ ಬಂದರು, ಒಬ್ಬರೇ. ಮಸಿ ಒತ್ತುವ ಕಾಲ ಹೋಗಿತ್ತು. ಗಾಜಿನ ಯಂತ್ರದ ಮೇಲೆ ಹೆಬ್ಬೆರಳು ಇಡಬೇಕು, ಅದು ಕಂಪ್ಯೂಟರಿನಲ್ಲಿ ಮೂಡಬೇಕು. ಅವರ ಬೆರಳು ಮೂಡಲಿಲ್ಲ. ಕಂಪ್ಯೂಟರಿನವನು, "ಇನ್ನೊಮ್ಮೆ ಇಡ್ರಿ ಅಜ್ಜಾರ" ಎಂದ. ಎರಡು ಸಲ, ಮೂರು ಸಲ. ಮೂಡಲಿಲ್ಲ. ವೀರಭದ್ರಪ್ಪ ತಮ್ಮ ಹೆಬ್ಬೆರಳನ್ನು ಕಣ್ಣಿನ ಹತ್ತಿರ ತಂದು ನೋಡಿಕೊಂಡರು. ಗೆರೆಗಳೇ ಇರಲಿಲ್ಲ.

"ಸವದೈತಿ ತಂಗಿ. ಏಳೆಂಟು ವರ್ಷ ನಿನ್ನ ಗದ್ದಿ ಕೆಸರಿನಾಗ ಇತ್ತಲ್ಲ."

ಅಷ್ಟು ದಿನ ಭಾವನ ಎದುರು ತಲೆ ಎತ್ತದ ಹಂಪಮ್ಮ ಮುಂದೆ ಬಂದಳು. ಸೆರಗಿನ ತುದಿಯನ್ನು ನೀರಿನಲ್ಲಿ ಅದ್ದಿ ಅವರ ಹೆಬ್ಬೆರಳು ಒರೆಸಿದಳು, ಒಣ ಸೆರಗಿನಿಂದ ಮತ್ತೊಮ್ಮೆ ಒರೆಸಿದಳು.

"ನಿಂತ ಭತ್ತ ನಿಮ್ದ ಭಾವ" ಎಂದಳು. "ಈ ಪೀಕು ನೀವ ಕೊಯ್ಕೊಂಡು ಒಯ್ರಿ. ಆಮ್ಯಾಲ ನಾ ಗದ್ದಿಗೆ ಇಳೀತೀನಿ."

ತೀರ್ಪಿನಲ್ಲಿ ಆ ಮಾತಿರಲಿಲ್ಲ. ಕ್ರಯಪತ್ರದಲ್ಲೂ ಇರಲಿಲ್ಲ. ನಮ್ಮ ಜೊತೆ ಬಂದಿದ್ದ ಸಾಹೇಬ್ರು ನನ್ನ ಕಡೆ ನೋಡಿದರು, ಇದನ್ನು ಬರವಣಿಗೆಯಲ್ಲಿ ಹಾಕಿಸಬೇಡವೇ ಎನ್ನುವ ಹಾಗೆ. ನಾನು ಬೇಡ ಎಂದು ತಲೆ ಅಲ್ಲಾಡಿಸಿದೆ.

ಹಂಪಮ್ಮ ಭಾವನ ಹೆಬ್ಬೆರಳನ್ನು ತನ್ನ ಎರಡೂ ಕೈಯಲ್ಲಿ ಹಿಡಿದು ಗಾಜಿನ ಮೇಲೆ ಮೆಲ್ಲಗೆ ಒತ್ತಿದಳು.

"ಬಂತ್ ನೋಡ್ರಿ" ಎಂದ ಕಂಪ್ಯೂಟರಿನವನು.

ಬೆರಳು ಮೂಡಿದ ಮೇಲೂ ಆಕೆ ತಕ್ಷಣ ಕೈ ಬಿಡಲಿಲ್ಲ.